ಶನಿಯ ಅಂಗಳದ ಲೆಕ್ಕಪತ್ರ: ಓದುಗರ ಪ್ರಶ್ನೆಗಳಿಗೆ ಉತ್ತರ

ಶನಿಗ್ರಹದ ಬಗ್ಗೆ ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ಕ್ಯಾಸಿನಿ ನೌಕೆಯ ಸುತ್ತಲೇ ಇದ್ದವು. 1997ರಲ್ಲಿ ಭೂಮಿ ಬಿಟ್ಟು, 2004ರಲ್ಲಿ ಶನಿಯನ್ನು ಸೇರಿ, 2017ರಲ್ಲಿ ಶನಿಯ ವಾತಾವರಣದಲ್ಲೇ ಉರಿದುಹೋದ ನೌಕೆ ಅದು. ಒಂದೇ ಬಗೆಯ ಪ್ರಶ್ನೆಗಳನ್ನು ಸೇರಿಸಿ ಒಂದು ಮಾಡಿದ್ದೇವೆ. ಜಾತಕ ಲಗತ್ತಿಸಿ ಕಳಿಸಿದವರಿಗೂ ನಡುವೆ ಒಂದು ಉತ್ತರ ಇದೆ.

ಮಗನಿಗೆಂದು 70 ಮಿ.ಮೀ. ದೂರದರ್ಶಕ ತಂದೆವು. ಪುಸ್ತಕದಲ್ಲಿ ಅಗಲವಾಗಿ ಕಾಣುವ ಉಂಗುರ ನಮ್ಮ ತಾರಸಿಯಿಂದ ಬರೀ ಗೆರೆಯ ಹಾಗೆ ಕಂಡಿತು. ದೂರದರ್ಶಕದಲ್ಲೇ ದೋಷವಿದೆಯೇ? (ರಾಜಾಜಿನಗರ)

ದೋಷವಿಲ್ಲ, ವಾಪಸ್ ಕೊಡಲು ಹೋಗಬೇಡಿ. ಶನಿಯ ಅಕ್ಷ ಸುಮಾರು 26.7 ಡಿಗ್ರಿ ವಾಲಿದೆ, ಉಂಗುರಗಳು ಅದರ ಸಮಭಾಜಕದ ನೇರಕ್ಕೇ ಇವೆ. ಶನಿ ಸೂರ್ಯನನ್ನು ಒಂದು ಸುತ್ತು ಬರುವ 29.4 ವರ್ಷಗಳಲ್ಲಿ ಎರಡು ಬಾರಿ ಉಂಗುರದ ಅಂಚು ನಮ್ಮತ್ತ ನೇರವಾಗಿ ತಿರುಗುತ್ತದೆ. ಈಚೆಗೆ ಹಾಗಾದದ್ದು 2025ರ ಮಾರ್ಚ್ 23ರಂದು. ಮುಖ್ಯ ಉಂಗುರಗಳ ಅಡ್ಡಳತೆ ಸುಮಾರು 2.7 ಲಕ್ಷ ಕಿ.ಮೀ., ದಪ್ಪವಾದರೋ ಬಹುಪಾಲು ಕಡೆ ಹತ್ತಾರು ಮೀಟರ್ ಮಾತ್ರ. ಅಂಚಿನಿಂದ ನೋಡಿದರೆ ಕಾಣಿಸಲು ಅಲ್ಲಿ ಏನೂ ಇರುವುದಿಲ್ಲ. ಈಗ ಉಂಗುರ ಮತ್ತೆ ನಿಧಾನವಾಗಿ ತೆರೆದುಕೊಳ್ಳುತ್ತಿದೆ, 2032ರ ಆಸುಪಾಸಿನಲ್ಲಿ ಪೂರ್ತಿ ಅಗಲವಾಗಿ ಕಾಣುತ್ತದೆ.

ಶನಿ ಚೆನ್ನಾಗಿ ಕಾಣುವುದು ಅದು ಸೂರ್ಯನಿಗೆ ಎದುರು ಬರುವ ದಿನಗಳ ಸುತ್ತಮುತ್ತ. 2025ರಲ್ಲಿ ಅದು ಸೆಪ್ಟೆಂಬರ್ 21, 2026ರಲ್ಲಿ ಅಕ್ಟೋಬರ್ 4. ವರ್ಷಕ್ಕೆ ಸುಮಾರು 13 ದಿನ ಮುಂದಕ್ಕೆ ಹೋಗುತ್ತದೆ. ಬೆಂಗಳೂರಿನಲ್ಲಿ ಅಕ್ಟೋಬರ್ ಎಂದರೆ ಹಿಂಗಾರಿನ ಮೋಡ. ಹಾಗಾಗಿ ನವೆಂಬರ್ ಕೊನೆ, ಡಿಸೆಂಬರಿನ ಸಂಜೆಗಳೇ ವಾಸಿ. ಬೀದಿದೀಪ ಶನಿಗೆ ದೊಡ್ಡ ಅಡ್ಡಿಯಲ್ಲ, ಅದು ಸಾಕಷ್ಟು ಪ್ರಕಾಶಮಾನ. ನಿಜವಾದ ಶತ್ರು ಕಾಂಕ್ರೀಟಿನ ತಾರಸಿ. ಹಗಲೆಲ್ಲ ಕಾದದ್ದು ಕತ್ತಲಾದ ಮೇಲೂ ಎರಡು ಮೂರು ಗಂಟೆ ಬಿಸಿಗಾಳಿ ಬಿಡುತ್ತಿರುತ್ತದೆ, ಚಿತ್ರ ನೀರಿನಡಿ ಇಟ್ಟಂತೆ ನಲುಗುತ್ತದೆ. ಎ.ಸಿ.ಯ ಹೊರಘಟಕದ ಮೇಲಿಂದ ನೋಡುವ ಹಾಗಂತೂ ಇರಬಾರದು. ದೂರದರ್ಶಕವನ್ನು ಅರ್ಧ ಗಂಟೆ ಮೊದಲೇ ಹೊರಗಿಟ್ಟು ತಣಿಸಿ.

ವರ್ಧನೆಯಲ್ಲಿ ಆಸೆ ಬೇಡ. 700 ಮಿ.ಮೀ. ನಾಭಿದೂರಕ್ಕೆ 10 ಮಿ.ಮೀ. ಐಪೀಸ್ (ಕಣ್ಣಿಡುವ ಕಡೆಯ ಮಸೂರ) ಹಾಕಿದರೆ 70 ಪಟ್ಟು. 70 ಮಿ.ಮೀ. ಮಸೂರ ತಾಳಿಕೊಳ್ಳುವುದು ಹೆಚ್ಚೆಂದರೆ 140 ಪಟ್ಟು. ಡಬ್ಬದ ಮೇಲೆ 525 ಪಟ್ಟು ಎಂದು ಅಚ್ಚು ಹಾಕಿರುತ್ತಾರೆ. ಜೊತೆಗೆ ಬರುವ, ವರ್ಧನೆ ಹೆಚ್ಚಿಸುವ ಆ 3 ಪಟ್ಟಿನ ಬಾರ್ಲೊ ಮಸೂರವನ್ನು ಡಬ್ಬದಲ್ಲೇ ಬಿಡಿ. ನಮ್ಮ ಅಕ್ಷಾಂಶದಲ್ಲಿ ಶನಿ ಈಗ ನಡುನೆತ್ತಿಗೆ ಹತ್ತಿರ ಬರುತ್ತದೆ, ಆಗ ಸಣ್ಣ ಸ್ಟ್ಯಾಂಡಿನ ಕಾಲಿಗೆ ಕೊಳವೆ ತಾಗುತ್ತದೆ. ನೆತ್ತಿಗೆ ಬರುವ ಎರಡು ಗಂಟೆ ಮೊದಲು ಅಥವಾ ನಂತರ ನೋಡಿ. ಪಕ್ಕದಲ್ಲಿ, ಉಂಗುರದ ಅಗಲದ ನಾಲ್ಕೂವರೆ ಪಟ್ಟಿನೊಳಗೆ, ಒಂದು ಮಂಕು ಚುಕ್ಕೆ ಕಂಡರೆ ಅದು ಶನಿಯ ಅತಿ ದೊಡ್ಡ ಉಪಗ್ರಹ ಟೈಟನ್ ಇರಬಹುದು. ದಿನ ಬಿಟ್ಟು ದಿನ ಗುರುತು ಹಾಕಿಟ್ಟುಕೊಳ್ಳಿ. 16 ದಿನಕ್ಕೆ ಒಂದು ಸುತ್ತು ಬಂದರೆ ಸಂಶಯವೇ ಬೇಡ.

ಕ್ಯಾಸಿನಿ ಶನಿಗೆ ಹೋಗಬೇಕಾದದ್ದು ಮೊದಲು ಒಳಗಡೆ ಶುಕ್ರನ ಕಡೆಗೆ ಏಕೆ ಹೋಯಿತು? ನೇರ ಹೋಗಿದ್ದರೆ ಬೇಗ ಸೇರುತ್ತಿರಲಿಲ್ಲವೇ? (ಯಲಹಂಕ)

ಅಷ್ಟೇನೂ ಬೇಗ ಅಲ್ಲ, ಇದು ಹಲವರಿಗೆ ಗೊತ್ತಿಲ್ಲ. ಅತಿ ಕಡಿಮೆ ಶಕ್ತಿಯ ನೇರ ದಾರಿ ಸೂರ್ಯನ ಸುತ್ತ ಒಂದು ಅರ್ಧ ದೀರ್ಘವೃತ್ತ. ಅದರಲ್ಲಿ ಶನಿಗೆ ಸುಮಾರು 6 ವರ್ಷ. ಕ್ಯಾಸಿನಿ 1997ರ ಅಕ್ಟೋಬರ್ 15ಕ್ಕೆ ಹೊರಟು 2004ರ ಜುಲೈ 1ಕ್ಕೆ ಸೇರಿತು. ಅಂದರೆ 6 ವರ್ಷ ಎಂಟೂವರೆ ತಿಂಗಳು. ಸುತ್ತುದಾರಿಗೆ ತೆತ್ತದ್ದು ಎಂಟೊಂಬತ್ತು ತಿಂಗಳಷ್ಟೇ.

ಉಳಿದದ್ದು ಮಾತ್ರ ಅಪಾರ. ನೇರ ದಾರಿಗೆ, ಭೂಮಿಯ ಸೆಳೆತ ತಪ್ಪಿಸಿಕೊಂಡ ಮೇಲೂ ಸೆಕೆಂಡಿಗೆ 10.3 ಕಿ.ಮೀ. ವೇಗ ಉಳಿದಿರಬೇಕು. ನೌಕೆಯ ತೂಕವೋ ಸುಮಾರು 5,600 ಕೆ.ಜಿ., ಅದರಲ್ಲಿ ಅರ್ಧಕ್ಕೂ ಹೆಚ್ಚು, 3,132 ಕೆ.ಜಿ., ಇಂಧನ. ಇಷ್ಟು ಭಾರವನ್ನು ಆ ವೇಗದಲ್ಲಿ ಎಸೆಯುವ ಶಕ್ತಿ ಅದನ್ನು ಹೊತ್ತ ಟೈಟನ್-4ಬಿ ರಾಕೆಟ್ಟಿಗೆ ಇರಲಿಲ್ಲ. ಅದಕ್ಕೇ ಗ್ರಹಗಳಿಂದ ವೇಗ ಕಡ ತಂದರು: 1998ರ ಏಪ್ರಿಲ್ 26 ಮತ್ತು 1999ರ ಜೂನ್ 24ರಂದು ಶುಕ್ರ, 1999ರ ಆಗಸ್ಟ್ 18ರಂದು ಭೂಮಿ, 2000ದ ಡಿಸೆಂಬರ್ 30ರಂದು ಗುರು. ಭೂಮಿಯ ಪಕ್ಕದಲ್ಲಿ 1,171 ಕಿ.ಮೀ. ಎತ್ತರದಲ್ಲಿ ಹಾದುಹೋದಾಗಲೇ ಸೆಕೆಂಡಿಗೆ ಸುಮಾರು 5.5 ಕಿ.ಮೀ. ವೇಗ ಸಿಕ್ಕಿತು. ಎರಡು ಶುಕ್ರಭೇಟಿಗಳ ನಡುವೆ, 1998ರ ಡಿಸೆಂಬರ್ 3ರಂದು, ಎಂಜಿನ್ ಉರಿಸಿ ಸೆಕೆಂಡಿಗೆ 450 ಮೀಟರ್ ವೇಗ ತಗ್ಗಿಸಿದರು. ಹೊರಗೆ ಹೋಗಬೇಕಾದವರು ಬ್ರೇಕ್ ಹಾಕುವುದು ವಿಚಿತ್ರ ಅನಿಸುತ್ತದೆ. ಆದರೆ ಆ ಬ್ರೇಕಿನಿಂದಲೇ ಎರಡನೇ ಸಲ ಶುಕ್ರನನ್ನು ಸರಿಯಾದ ಜಾಗದಲ್ಲಿ, ಸರಿಯಾದ ಹೊತ್ತಿಗೆ ಹಿಡಿಯಲು ಆಯಿತು.

ಈ ದಾರಿಗೆ ಎರಡು ತೊಡಕು. ಒಂದು, ಶನಿಗಾಗಿ ಕಟ್ಟಿದ ನೌಕೆ ಶುಕ್ರನ ಬಳಿ ಬೇಯುತ್ತದೆ. ಅದಕ್ಕೆ 4 ಮೀಟರ್ ಅಗಲದ ಮುಖ್ಯ ಆಂಟೆನಾವನ್ನೇ ಸೂರ್ಯನತ್ತ ತಿರುಗಿಸಿ ಕೊಡೆಯಾಗಿ ಹಿಡಿದರು. ಆ ಅವಧಿಯಲ್ಲಿ ಭೂಮಿಯೊಡನೆ ಮಾತೆಲ್ಲ ಚಿಕ್ಕ ಆಂಟೆನಾಗಳಲ್ಲಿ, ಮಂದಗತಿಯಲ್ಲಿ. ಎರಡು, ಗುರುವಿನ ನೆರವು ಬೇಕೆಂದರೆ ಗುರು ಶನಿಗಳು ತಕ್ಕ ಸ್ಥಾನದಲ್ಲಿರಬೇಕು. ಅಂಥ ಜೋಡಣೆ ಬರುವುದು ಇಪ್ಪತ್ತು ವರ್ಷಕ್ಕೊಮ್ಮೆ. ಉಡಾವಣೆ ಒಂದೆರಡು ವರ್ಷ ತಡವಾದರೆ ಇಡೀ ದಾರಿಯನ್ನೇ ಹೊಸದಾಗಿ ಹುಡುಕಬೇಕು.

ಸೇರುವ ದಿನದ ಲೆಕ್ಕ ಇನ್ನೂ ಬಿಗಿ. ಸಂಕೇತ ಬರಲು 84 ನಿಮಿಷ, ಎಂಜಿನ್ ಉರಿಯಬೇಕಾದದ್ದು 96 ನಿಮಿಷ. ಉರಿ ಶುರುವಾಯಿತೆಂಬ ಸುದ್ದಿ ಭೂಮಿಗೆ ಮುಟ್ಟುವಾಗ ಅಲ್ಲಿ ಕೆಲಸ ಮುಗಿಯುತ್ತ ಬಂದಿರುತ್ತದೆ. ಹಾಗಾಗಿ ಎಲ್ಲವನ್ನೂ ನೌಕೆಯ ಕಂಪ್ಯೂಟರಿಗೆ ಒಪ್ಪಿಸಿದರು. ಒಂದು ಎಂಜಿನ್ ಕೈಕೊಟ್ಟರೆ ಇನ್ನೊಂದಕ್ಕೆ ತಾನೇ ಬದಲಾಯಿಸಿಕೊಳ್ಳುವ ಏರ್ಪಾಡೂ ಇತ್ತು. ವೇಗ ಸೆಕೆಂಡಿಗೆ 626 ಮೀಟರಿನಷ್ಟು ಕಡಿಮೆಯಾಗಿ, ಶನಿ ಅದನ್ನು ಹಿಡಿದುಕೊಂಡಿತು.

ಸೌರಫಲಕ ಹಾಕಬಹುದಿತ್ತಲ್ಲ? ಪ್ಲುಟೋನಿಯಂ ಏಕೆ? (ಬಸವನಗುಡಿ)

ಶನಿ ಸೂರ್ಯನಿಂದ ಭೂಮಿಗಿಂತ ಸುಮಾರು ಒಂಬತ್ತೂವರೆ ಪಟ್ಟು ದೂರ, ಅಲ್ಲಿ ಬಿಸಿಲು ತೊಂಬತ್ತನೇ ಒಂದು ಭಾಗ. ಚದರ ಮೀಟರಿಗೆ 15 ವ್ಯಾಟ್. ಇವತ್ತಿನ ಉತ್ತಮ ಕೋಶ ಅದರಲ್ಲಿ 28 ಶೇಕಡ ಹಿಡಿಯುತ್ತದೆ ಎಂದುಕೊಂಡರೂ ನಾಲ್ಕು ವ್ಯಾಟ್ ಚಿಲ್ಲರೆ. ಕ್ಯಾಸಿನಿಗೆ ಶುರುವಿನಲ್ಲಿದ್ದ 885 ವ್ಯಾಟ್ ಬೇಕೆಂದರೆ ಕಾಗದದ ಮೇಲೇ 210 ಚದರ ಮೀಟರ್, ಅಂದರೆ ಹೆಚ್ಚುಕಡಿಮೆ ಎರಡು 30×40 ಸೈಟಿನಷ್ಟು ಫಲಕ. ತೊಂಬತ್ತರ ದಶಕದ ಸಿಲಿಕಾನ್ ಕೋಶಗಳಾದರೆ ಅದು ದುಪ್ಪಟ್ಟಿನ ಹತ್ತಿರ. ಅಷ್ಟನ್ನು ಮಡಚಿ ರಾಕೆಟ್ಟಿನೊಳಗೆ ಇಟ್ಟು, ಬಿಚ್ಚಿ, ಆಮೇಲೆ ಪ್ರತಿ ಚಿತ್ರಕ್ಕೂ ಇಡೀ ನೌಕೆಯನ್ನು ತಿರುಗಿಸುವುದು ಆಗದ ಮಾತು. ಗುರುವಿನ ಬಳಿ ಇರುವ ಜೂನೊ ನೌಕೆ ಸೌರಫಲಕದಲ್ಲೇ ನಡೆಯುತ್ತದೆ ನಿಜ. ಆದರೆ ಗುರುವಿನಲ್ಲಿ ಬಿಸಿಲು ಶನಿಗಿಂತ ಮೂರು ಪಟ್ಟಿಗೂ ಹೆಚ್ಚು.

ಕ್ಯಾಸಿನಿಯಲ್ಲಿ ಮೂರು ಆರ್‌ಟಿಜಿಗಳು (ಪರಮಾಣು ಕಾವಿನಿಂದ ವಿದ್ಯುತ್ತು ಮಾಡುವ ಘಟಕಗಳು), ಒಟ್ಟು ಸುಮಾರು 33 ಕೆ.ಜಿ. ಪ್ಲುಟೋನಿಯಂ ಇಂಧನ. ಪ್ಲುಟೋನಿಯಂ-238 ತಾನೇ ಕಾಯುತ್ತದೆ, ಆ ಕಾವನ್ನು ಥರ್ಮೋಕಪಲ್‌ಗಳು ವಿದ್ಯುತ್ತಾಗಿ ಬದಲಿಸುತ್ತವೆ. ತಿರುಗುವ ಭಾಗ ಒಂದೂ ಇಲ್ಲ. ದಕ್ಷತೆ ಶೇಕಡ ಆರೇಳು ಅಷ್ಟೇ, ಮಿಕ್ಕ ಶಾಖ ನೌಕೆಯನ್ನು ಬೆಚ್ಚಗಿಡಲು ಉಪಯೋಗಕ್ಕೆ ಬಂತು. ಅರ್ಧಾಯುಷ್ಯ 87.7 ವರ್ಷ. ಆದರೆ ಥರ್ಮೋಕಪಲ್‌ಗಳೂ ಸವೆಯುವುದರಿಂದ ವಿದ್ಯುತ್ತು ಅದಕ್ಕಿಂತ ಬೇಗ ಇಳಿಯುತ್ತದೆ. 2010ರ ಹೊತ್ತಿಗೆ 700 ವ್ಯಾಟಿಗಿಂತ ಕೆಳಗೆ ಬಂದಿತ್ತು. ಹನ್ನೆರಡು ಉಪಕರಣಗಳನ್ನೂ ಒಟ್ಟಿಗೆ ಪೂರ್ಣ ಬಲದಲ್ಲಿ ಓಡಿಸಲಾಗದೆ ಸರದಿ ಹಾಕಿಕೊಂಡು ನಡೆಸುತ್ತಿದ್ದರು.

ಸಾಡೇಸಾತಿಗೂ ಖಗೋಳಕ್ಕೂ ಸಂಬಂಧವಿದೆಯೇ? (ಹಲವರು)

ಲೆಕ್ಕಕ್ಕೆ ಇದೆ, ಫಲಕ್ಕೆ ಇಲ್ಲ. 29.4 ವರ್ಷವನ್ನು ಹನ್ನೆರಡು ರಾಶಿಗೆ ಹಂಚಿದರೆ ರಾಶಿಗೆ ಸುಮಾರು ಎರಡೂವರೆ ವರ್ಷ. ಮೂರು ರಾಶಿಗೆ ಏಳೂವರೆ. ಬರಿಗಣ್ಣಿನಿಂದ ಇಷ್ಟು ನಿಖರವಾಗಿ ಶನಿಯ ನಡೆ ಅಳೆದವರಿಗೆ ನಮಸ್ಕಾರ. ಜಾತಕಗಳನ್ನು ಹಿಂದಿರುಗಿಸುತ್ತಿದ್ದೇವೆ.

ಟೈಟನ್ ಮೇಲೆ ಇಳಿದ ಹ್ಯೂಗೆನ್ಸ್ ತೆಗೆದ ಚಿತ್ರಗಳಲ್ಲಿ ಅರ್ಧ ಕಳೆದುಹೋದವು ಎನ್ನುತ್ತಾರೆ. ಹೇಗೆ? (ಮಲ್ಲೇಶ್ವರ)

ಹ್ಯೂಗೆನ್ಸ್‌ಗೆ ಎರಡು ಗಂಡಾಂತರ ಬಂದವು. ಮೊದಲನೆಯದನ್ನು ನಾಲ್ಕು ವರ್ಷ ಮೊದಲೇ ಹಿಡಿದು ತಪ್ಪಿಸಿದರು, ಎರಡನೆಯದು ಆ ದಿನವೇ ಕಚ್ಚಿತು. ಮೊದಲನೆಯದೇ ಹೆಚ್ಚು ಪಾಠ ಇರುವಂಥದ್ದು, ಅದನ್ನೇ ಸ್ವಲ್ಪ ವಿವರವಾಗಿ ಹೇಳುತ್ತೇವೆ.

ಹ್ಯೂಗೆನ್ಸ್ ಕ್ಯಾಸಿನಿ ಹೊತ್ತೊಯ್ದ, ಐರೋಪ್ಯ ಬಾಹ್ಯಾಕಾಶ ಸಂಸ್ಥೆಯ ಸುಮಾರು 320 ಕೆ.ಜಿ.ಯ ಶೋಧಕ. ಅದು ನೇರ ಭೂಮಿಗೆ ಮಾಹಿತಿ ಕಳಿಸುವಂತಿರಲಿಲ್ಲ. ತಲೆಯ ಮೇಲೆ ಹಾದುಹೋಗುವ ಕ್ಯಾಸಿನಿ ಕೇಳಿಸಿಕೊಂಡು, ಬರೆದಿಟ್ಟುಕೊಂಡು, ಆಮೇಲೆ ಭೂಮಿಗೆ ತಿರುಗಿ ಹೇಳಬೇಕು. ಎರಡು ವಾಹಿನಿ, ಒಂದೊಂದರಲ್ಲಿ ಸೆಕೆಂಡಿಗೆ 8,192 ಬಿಟ್. ಮೂಲ ಯೋಜನೆಯ ಪ್ರಕಾರ ಕ್ಯಾಸಿನಿ ಹ್ಯೂಗೆನ್ಸ್‌ನತ್ತ ಸೆಕೆಂಡಿಗೆ ಸುಮಾರು 5.5 ಕಿ.ಮೀ. ವೇಗದಲ್ಲಿ ಧಾವಿಸುತ್ತಿರಬೇಕಿತ್ತು. ಹಾಗೆ ಸಮೀಪಿಸುವಾಗ ರೇಡಿಯೋ ತರಂಗದ ಆವರ್ತನ ಏರುತ್ತದೆ, ಡಾಪ್ಲರ್ ಪರಿಣಾಮ. ಇದು ವಿನ್ಯಾಸಕಾರರಿಗೆ ಗೊತ್ತಿತ್ತು. ವಾಹಕ ತರಂಗದ ಏರಿಕೆಯನ್ನು ಸರಿದೂಗಿಸುವ ವ್ಯವಸ್ಥೆ ರಿಸೀವರಿನಲ್ಲಿತ್ತು. ಬಿಟ್ಟುಹೋದದ್ದು ಇನ್ನೊಂದು: ತರಂಗದ ಮೇಲೆ ಕೂತ ಬಿಟ್‌ಗಳೂ ಅದೇ ಪ್ರಮಾಣದಲ್ಲಿ ಒತ್ತೊತ್ತಾಗಿ ಬರುತ್ತವೆ. ಎಷ್ಟು? 5.5ನ್ನು ಬೆಳಕಿನ ವೇಗ 3 ಲಕ್ಷದಿಂದ ಭಾಗಿಸಿ 8,192ರಿಂದ ಗುಣಿಸಿ. ಸೆಕೆಂಡಿಗೆ 0.15 ಬಿಟ್. ಇಷ್ಟೇ ಇಷ್ಟು. ಆದರೆ ಬಿಟ್ ಎಲ್ಲಿ ಶುರು, ಎಲ್ಲಿ ಕೊನೆ ಎಂದು ಹೊಂದಿಸಿಕೊಳ್ಳುವ ಸರ್ಕ್ಯೂಟನ್ನು ಬಹಳ ಬಿಗಿಯಾಗಿ ಹೊಂದಿಸಿದ್ದರು. ಅದು ಮತ್ತೆ ಮತ್ತೆ ಹೆಜ್ಜೆ ತಪ್ಪುತ್ತಿತ್ತು, ದತ್ತಾಂಶ ಕಲಸುಮೇಲೋಗರ.

ಇದು ಉಡಾವಣೆಗೆ ಮೊದಲೇ ಏಕೆ ಸಿಗಲಿಲ್ಲವೆಂದರೆ, ಡಾಪ್ಲರನ್ನು ಸೇರಿಸಿ ತುದಿಯಿಂದ ತುದಿಗೆ ಪೂರ್ಣ ಪರೀಕ್ಷೆ ಮಾಡಲಿಲ್ಲ. ಖರ್ಚು ಹೆಚ್ಚೆಂದು ಕೈಬಿಟ್ಟಿದ್ದರು. 2000ದ ಫೆಬ್ರುವರಿಯಲ್ಲಿ ಬೋರಿಸ್ ಸ್ಮೆಡ್ಸ್ ಎಂಬ ಸ್ವೀಡನ್ ಮೂಲದ ಎಂಜಿನಿಯರ್ ಹಟ ಹಿಡಿದು, ಕ್ಯಾಲಿಫೋರ್ನಿಯಾದ ಗೋಲ್ಡ್‌ಸ್ಟೋನ್ ಆಂಟೆನಾದಿಂದ ಹ್ಯೂಗೆನ್ಸ್‌ನಂತೆ ನಟಿಸುವ ಸಂಕೇತವನ್ನು, ಡಾಪ್ಲರ್ ಬದಲಾವಣೆಯನ್ನೂ ಬೆರೆಸಿ, ದಾರಿಯಲ್ಲಿದ್ದ ಕ್ಯಾಸಿನಿಗೆ ಕಳಿಸಿದರು. ದೋಷ ಬಯಲಾಯಿತು. ರಿಸೀವರಿನ ಆ ಹೊಂದಾಣಿಕೆಯನ್ನು ಹಾರುವ ನೌಕೆಯಲ್ಲಿ ಬದಲಿಸುವಂತಿರಲಿಲ್ಲ. ಉಪಕರಣ ಬದಲಾಗದಿದ್ದರೆ ದಾರಿಯನ್ನಾದರೂ ಬದಲಿಸಬೇಕು. ಟೈಟನ್ ಪಕ್ಕ 1,200 ಕಿ.ಮೀ. ಎತ್ತರದಲ್ಲಿ ಹಾದುಹೋಗಬೇಕಿದ್ದ ಕ್ಯಾಸಿನಿಯನ್ನು ಸುಮಾರು 60,000 ಕಿ.ಮೀ. ದೂರಕ್ಕೆ ಸರಿಸಿದರು. ಆಗ ಅದು ಹ್ಯೂಗೆನ್ಸ್‌ನತ್ತ ನುಗ್ಗುವ ಬದಲು ಪಕ್ಕಕ್ಕೆ ಹಾಯುತ್ತದೆ, ನೋಟದ ನೇರದಲ್ಲಿನ ವೇಗ ಇಳಿಯುತ್ತದೆ, ಡಾಪ್ಲರೂ ಇಳಿಯುತ್ತದೆ. ಇದಕ್ಕಾಗಿ ಮೊದಲ ಸುತ್ತುಗಳನ್ನೇ ಮರುವಿನ್ಯಾಸ ಮಾಡಿ, 2004ರ ನವೆಂಬರಿನಲ್ಲಿ ಆಗಬೇಕಿದ್ದ ಇಳಿತವನ್ನು 2005ರ ಜನವರಿ 14ಕ್ಕೆ ಹಾಕಿದರು. ನಮ್ಮ ಮಟ್ಟಿಗೆ ಇಡೀ ಯಾತ್ರೆಯಲ್ಲಿ ಅತ್ಯಂತ ಚೆಲುವಾದ ಎಂಜಿನಿಯರಿಂಗ್ ಇದೇ. ಚಿತ್ರಗಳು ಸಿಕ್ಕವರಿಗೆ ಹೆಸರು ಬಂತು, ಇದಕ್ಕೆ ಅಷ್ಟು ಬರಲಿಲ್ಲ.

ಇಳಿಯುವ ದಿನ ಹ್ಯೂಗೆನ್ಸ್ ಸೆಕೆಂಡಿಗೆ ಸುಮಾರು 6 ಕಿ.ಮೀ. ವೇಗದಲ್ಲಿ ವಾತಾವರಣ ಹೊಕ್ಕಿತು. 2.7 ಮೀಟರಿನ ಶಾಖಕವಚ ವೇಗ ಇಳಿಸಿತು. ಆಮೇಲೆ ಮೂರು ಪ್ಯಾರಾಚೂಟು: ಮೊದಲು 2.6 ಮೀಟರಿನದು ಹಿಂಬದಿಯ ಮುಚ್ಚಳ ಕಿತ್ತುಕೊಂಡು ಹೋಯಿತು, ಅದರ ಹಿಂದೆಯೇ 8.3 ಮೀಟರಿನ ಮುಖ್ಯ ಪ್ಯಾರಾಚೂಟು ಬಿಚ್ಚಿಕೊಂಡಿತು, ಕಾಲು ಗಂಟೆಯ ಬಳಿಕ ಅದನ್ನೂ ಕಳಚಿ 3 ಮೀಟರಿನ ಚಿಕ್ಕದು. ಚಿಕ್ಕದು ಏಕೆಂದರೆ ದೊಡ್ಡದರಲ್ಲೇ ತೂಗುತ್ತ ಕೂತರೆ ನೆಲ ಸೇರುವ ಮೊದಲೇ ಬ್ಯಾಟರಿ ಮುಗಿಯುತ್ತಿತ್ತು. ಸುಮಾರು ಎರಡೂವರೆ ಗಂಟೆ ಇಳಿದು, ಸೆಕೆಂಡಿಗೆ 5 ಮೀಟರಿನ ಆಸುಪಾಸು ವೇಗದಲ್ಲಿ ನೆಲ ಮುಟ್ಟಿತು. ಅಲ್ಲಿ ಚಳಿ ಮೈನಸ್ 179 ಡಿಗ್ರಿ, ಒತ್ತಡ ನಮ್ಮ ಸಮುದ್ರಮಟ್ಟದ ಒಂದೂವರೆ ಪಟ್ಟು. ನೆಲದ ಮೇಲಿಂದ ಇನ್ನೂ 72 ನಿಮಿಷ ಅದರ ಮಾತು ಕ್ಯಾಸಿನಿಗೆ ಕೇಳಿಸಿತು. ದುಂಡಗಿನ ಹಿಮದ ಕಲ್ಲುಗಳು ಹರಡಿದ ಒದ್ದೆ ಮರಳಿನಂಥ ನೆಲದ ಆ ಚಿತ್ರ ನೀವು ನೋಡಿರುತ್ತೀರಿ.

ಇನ್ನು ಕಳೆದುಹೋದ ಅರ್ಧ. ಎ ವಾಹಿನಿಯ ರಿಸೀವರನ್ನು ಚಾಲೂ ಮಾಡುವ ಆದೇಶ ಕ್ಯಾಸಿನಿಗೆ ಕಳಿಸಿದ ಆದೇಶಪಟ್ಟಿಯಲ್ಲೇ ಇರಲಿಲ್ಲ. ಹ್ಯೂಗೆನ್ಸ್ ಎರಡರಲ್ಲೂ ಸರಿಯಾಗಿಯೇ ಹೇಳುತ್ತಿತ್ತು. ಕ್ಯಾಸಿನಿ ಬಿ ವಾಹಿನಿಯನ್ನಷ್ಟೇ ಕೇಳಿಸಿಕೊಂಡಿತು. ಹೆಚ್ಚಿನ ಉಪಕರಣಗಳ ಮಾಹಿತಿ ಎರಡರಲ್ಲೂ ಹೋಗುತ್ತಿತ್ತು, ಅವು ಪಾರಾದವು. ಚಿತ್ರಗಳ ಸಂಖ್ಯೆ ಹೆಚ್ಚಿಸಲೆಂದು ಮಾತ್ರ ಅರ್ಧ ಅದರಲ್ಲಿ, ಅರ್ಧ ಇದರಲ್ಲಿ ಹಂಚಿದ್ದರು. ಸುಮಾರು 700ರಲ್ಲಿ 350 ಉಳಿದವು. ಗಾಳಿಯ ವೇಗ ಅಳೆಯುವ ಪ್ರಯೋಗ ಎ ವಾಹಿನಿಯನ್ನೇ ನೆಚ್ಚಿತ್ತು. ಅದನ್ನು ಉಳಿಸಿದ್ದು ಭೂಮಿಯ ಮೇಲಿನ ರೇಡಿಯೋ ದೂರದರ್ಶಕಗಳು. ಅಮೆರಿಕದ ಗ್ರೀನ್ ಬ್ಯಾಂಕ್ ಮತ್ತು ಆಸ್ಟ್ರೇಲಿಯಾದ ಪಾರ್ಕ್ಸ್ ಆ ಕ್ಷೀಣ ವಾಹಕ ತರಂಗವನ್ನು ನೇರವಾಗಿ ಹಿಡಿದು, ಅದರ ಡಾಪ್ಲರಿನಿಂದಲೇ ಗಾಳಿಯನ್ನು ಲೆಕ್ಕ ಹಾಕಿದವು.

ನಮ್ಮ ಬ್ಯಾಲಾಳಿನ ಇಸ್ರೋ ಕೇಂದ್ರದ 32 ಮೀಟರ್ ಆಂಟೆನಾ ಶನಿಯಿಂದ ಬರುವ ಸಂಕೇತ ಹಿಡಿಯಬಲ್ಲದೇ? (ಕೆಂಗೇರಿ)

ತತ್ತ್ವತಃ ಹೌದು. 2008ರಲ್ಲಿ ಚಂದ್ರಯಾನ-1ಕ್ಕಾಗಿ ಕಟ್ಟಿದ ಅದು ಎಸ್ ಮತ್ತು ಎಕ್ಸ್ ಎಂಬ ರೇಡಿಯೋ ಬ್ಯಾಂಡ್‌ಗಳಲ್ಲಿ ಕೆಲಸ ಮಾಡುತ್ತದೆ, ಮಂಗಳಯಾನವನ್ನೂ ನಡೆಸಿಕೊಟ್ಟಿದೆ. ಕ್ಯಾಸಿನಿಯ ದತ್ತಾಂಶ ಬರುತ್ತಿದ್ದುದೂ ಎಕ್ಸ್ ಬ್ಯಾಂಡಿನಲ್ಲೇ, 20 ವ್ಯಾಟಿನ ಟ್ರಾನ್ಸ್‌ಮಿಟರಿನಿಂದ. ನಾಸಾದವರು 34 ಮೀಟರಿನ ಆಂಟೆನಾಗಳನ್ನೂ ಇದಕ್ಕೆ ದಿನನಿತ್ಯ ಬಳಸುತ್ತಿದ್ದರು. ನಮ್ಮದು ಅದೇ ವರ್ಗದ್ದು. ವ್ಯತ್ಯಾಸ ಬೀಳುವುದು ವೇಗದಲ್ಲಿ. 70 ಮೀಟರಿನ ಆಂಟೆನಾದ ವಿಸ್ತೀರ್ಣ 32ರದ್ದಕ್ಕಿಂತ ಸುಮಾರು 4.8 ಪಟ್ಟು, ಬಿಟ್‌ಗಳೂ ಅದೇ ಲೆಕ್ಕ. ಒಂಬತ್ತು ಗಂಟೆಯ ಸರದಿಯಲ್ಲಿ 70 ಮೀಟರಿನದು ಸುಮಾರು 4 ಗಿಗಾಬಿಟ್ ಇಳಿಸಿಕೊಂಡರೆ 34 ಮೀಟರಿನದು 1 ಗಿಗಾಬಿಟ್. ಇವತ್ತು ನಿಮ್ಮ ಫೋನಿನಲ್ಲಿ ಹತ್ತು ನಿಮಿಷದ ವಿಡಿಯೋ ಅದಕ್ಕಿಂತ ಹೆಚ್ಚು ನುಂಗೀತು.

ಇನ್ನೊಂದು ಇಕ್ಕಟ್ಟು ನೌಕೆಯ ಕಡೆಯದು. ಕ್ಯಾಮೆರಾಗಳನ್ನು ಬೇರೆಯಾಗಿ ತಿರುಗಿಸುವ ವೇದಿಕೆಯನ್ನು ಹಣ ಉಳಿಸಲು ವಿನ್ಯಾಸದಿಂದ ತೆಗೆದುಹಾಕಿದ್ದರು. ಆಂಟೆನಾ, ಕ್ಯಾಮೆರಾ ಎಲ್ಲವೂ ಒಂದೇ ಮೈಗೆ ಬಿಗಿದಿದ್ದವು. ನೋಡುವಾಗ ಮಾತಿಲ್ಲ, ಮಾತಾಡುವಾಗ ನೋಟವಿಲ್ಲ. ಹದಿನೈದು ಗಂಟೆ ನೋಡಿ ರೆಕಾರ್ಡರಿನಲ್ಲಿ ತುಂಬಿಕೊಳ್ಳುವುದು, ಒಂಬತ್ತು ಗಂಟೆ ಭೂಮಿಯತ್ತ ತಿರುಗಿ ಕಳಿಸುವುದು ವಾಡಿಕೆಯ ದಿನಚರಿ. ಭೂಮಿಯ ಕಡೆ ಆಂಟೆನಾ ಕೆಟ್ಟರೆ ಆ ದಿನದ ನೋಟ ಹೋಯಿತೆಂದೇ ಅರ್ಥ, ಏಕೆಂದರೆ ರೆಕಾರ್ಡರಿನಲ್ಲಿ ಮರುದಿನಕ್ಕೆ ಜಾಗ ಬೇಕು. ಮುಖ್ಯವಾದವನ್ನು ಎರಡೆರಡು ಬಾರಿ ಕಳಿಸುತ್ತಿದ್ದರು. ಈ ತಿರುಗಾಟವೆಲ್ಲ ರಿಯಾಕ್ಷನ್ ಚಕ್ರಗಳ ಮೇಲೆ, ಅಂದರೆ ಒಳಗೆ ಸುತ್ತಿ ನೌಕೆಯನ್ನು ಎದುರು ದಿಕ್ಕಿಗೆ ತಿರುಗಿಸುವ ಚಕ್ರಗಳ ಮೇಲೆ. ಮೂರು ಚಕ್ರಗಳಲ್ಲಿ ಒಂದರ ಬೇರಿಂಗ್ ಶನಿ ಸೇರುವ ಮೊದಲೇ ತಿಕ್ಕಾಡತೊಡಗಿ, 2003ರಲ್ಲಿ ಅದರ ಬದಲು ನಾಲ್ಕನೆಯ ಬಿಡಿಚಕ್ರವನ್ನು ಬಳಕೆಗೆ ತಂದರು.

ಕ್ಯಾಸಿನಿಯ ಮೂಲ ಚಿತ್ರಗಳು ಉಚಿತವಾಗಿ ಸಿಗುತ್ತವೆಯಂತೆ. ಆದರೆ ಎಲ್ಲ ಕಪ್ಪುಬಿಳುಪು. ಬಣ್ಣದ ಚಿತ್ರ ಮನೆಯಲ್ಲಿ ಮಾಡಬಹುದೇ? (ವಿಜಯನಗರ, ಪಿಯುಸಿ ವಿದ್ಯಾರ್ಥಿನಿ)

ಖಂಡಿತ, ಒಂದು ಸಂಜೆಯ ಕೆಲಸ. ಕ್ಯಾಸಿನಿಯ ಎರಡೂ ಕ್ಯಾಮೆರಾಗಳ ಸಂವೇದಕ 1024×1024 ಚುಕ್ಕಿಗಳದ್ದು, ಬಣ್ಣ ಗುರುತಿಸುವುದಿಲ್ಲ. ಮುಂದೆ ಸೋಸುಗಾಜಿನ ಎರಡು ಚಕ್ರಗಳು. ಕೆಂಪು, ಹಸಿರು, ನೀಲಿ ಸೋಸುಗಳಲ್ಲಿ ಬೇರೆ ಬೇರೆ ತೆಗೆದದ್ದನ್ನು ಆಮೇಲೆ ಬೆರೆಸಬೇಕು.

ನಾಸಾದ ಕ್ಯಾಸಿನಿ ಸಂಗ್ರಹದಲ್ಲಿ ಶನಿಯನ್ನೋ ಒಂದು ಉಪಗ್ರಹವನ್ನೋ ಆರಿಸಿ. ಪ್ರತಿ ಚಿತ್ರದ ಕೆಳಗೆ ಸೋಸುಗಳ ಹೆಸರು ಇರುತ್ತದೆ. ಆರ್‌ಇಡಿ, ಜಿಆರ್‌ಎನ್, ಬಿಎಲ್1 ಇರುವ ಮೂರು ಚಿತ್ರ ಬೇಕು. ಜೊತೆಯ ಇನ್ನೊಂದು ಚಕ್ರದಲ್ಲಿ ಸಿಎಲ್1 ಅಥವಾ ಸಿಎಲ್2, ಅಂದರೆ ಸಾದಾ ಗಾಜು, ಇರಬೇಕು. ಮೂರೂ ಕೆಲವೇ ನಿಮಿಷಗಳ ಅಂತರದಲ್ಲಿ ತೆಗೆದವಾಗಿರಲಿ. ಎಂಟಿ, ಸಿಬಿ ಎಂದು ಶುರುವಾಗುವವು ಮೀಥೇನ್ ಅಧ್ಯಯನದ ಅವಕೆಂಪು ಅಂಚಿನವು, ಸಹಜ ಬಣ್ಣಕ್ಕೆ ಬರುವುದಿಲ್ಲ. ಮೂರನ್ನೂ ಗಿಂಪ್ ಎಂಬ ಚಿತ್ರ ತಿದ್ದುವ ತಂತ್ರಾಂಶದಲ್ಲಿ ತೆರೆದು, ಬಣ್ಣಗಳ ಮೆನುವಿನಲ್ಲಿ ಕಾಂಪೋಸ್ ಆರಿಸಿ ಆರ್‌ಜಿಬಿಯಾಗಿ ಸೇರಿಸಿ. ಒಂದು 512×512 ಇದ್ದರೆ ಮೊದಲು ಅದನ್ನು ಹಿಗ್ಗಿಸಿಕೊಳ್ಳಿ. ಮೆಮೊರಿ ಉಳಿಸಲು ಕೆಲವೊಮ್ಮೆ ನಾಲ್ಕು ಚುಕ್ಕಿ ಒಂದು ಮಾಡಿ ಕಳಿಸುತ್ತಿದ್ದರು.

ಎಡವುವುದು ಮೂರು ಕಡೆ. ನೌಕೆ ಚಲಿಸುತ್ತಿದ್ದುದರಿಂದ ಚಿತ್ರಗಳು ಒಂದರ ಮೇಲೊಂದು ಕೂರುವುದಿಲ್ಲ. ಗ್ರಹದ ಅಂಚನ್ನು ಹಿಡಿದು ಹೊಂದಿಸಿದರೆ ನಡುವೆ ಸಿಕ್ಕ ಉಪಗ್ರಹ ಕೆಂಪು, ಹಸಿರು, ನೀಲಿ ಮೂರು ಚುಕ್ಕೆಯಾಗಿ ಒಡೆಯುತ್ತದೆ. ಅದನ್ನು ಬೇರೆಯಾಗಿ ಕತ್ತರಿಸಿ ಕೂರಿಸಬೇಕು. ಎರಡನೆಯದು, ಆ ಜೆಪೆಗ್‌ಗಳ ಹೊಳಪನ್ನು ಯಂತ್ರವೇ ಹಿಗ್ಗಿಸಿರುತ್ತದೆ, ಹಾಗಾಗಿ ಬಣ್ಣದ ಪ್ರಮಾಣ ನಂಬುವಂತಿಲ್ಲ. ಶನಿಗೆ ತಿಳಿಹಳದಿ ಕೆನೆ ಬರುವವರೆಗೆ ನೀಲಿಯನ್ನು ತಗ್ಗಿಸಿ. ನಿಖರ ಬಣ್ಣವೇ ಬೇಕೆಂದರೆ ಗ್ರಹದತ್ತಾಂಶ ಭಂಡಾರದಲ್ಲಿರುವ ಮೂಲ ಕಡತ ತೆಗೆದು ಅಳತೆ ತಿದ್ದಬೇಕು, ಅದು ಸಂಜೆಯ ಕೆಲಸವಲ್ಲ. ಮೂರನೆಯದು, ಅಲ್ಲಲ್ಲಿ ಬಿಳಿ ಚುಕ್ಕೆ, ಗೀರು ಕಂಡರೆ ಹೊಸ ಉಪಗ್ರಹ ಸಿಕ್ಕಿತೆಂದು ಪತ್ರ ಬರೆಯಬೇಡಿ. ಅವು ಸಂವೇದಕಕ್ಕೆ ಬಡಿದ ವಿಶ್ವಕಿರಣಗಳು.

ಟೈಟನ್‌ನಿಂದ ಶುರು ಮಾಡಬೇಡಿ, ಕಿತ್ತಳೆ ಮಬ್ಬು ಬಿಟ್ಟು ಬೇರೇನೂ ಬರುವುದಿಲ್ಲ. ಅದರ ನೆಲ ಕಾಣುವುದು 938 ನ್ಯಾನೋಮೀಟರಿನ ಸಿಬಿ3 ಸೋಸಿನಲ್ಲಿ.

ಶನಿಗೆ ಒಟ್ಟು ಎಷ್ಟು ಉಪಗ್ರಹ? (ಹೆಬ್ಬಾಳ)

2025ರ ಮಾರ್ಚ್‌ನಲ್ಲಿ ಒಂದೇ ಸಲ 128 ಹೊಸವು ಸೇರಿ 274 ಆದವು. ಹೊಸವೆಲ್ಲ ಕೆಲವೇ ಕಿ.ಮೀ. ಗಾತ್ರದ ತುಣುಕುಗಳು. ಪರೀಕ್ಷೆಗೆ ಬಾಯಿಪಾಠ ಮಾಡುವ ಸಂಖ್ಯೆ ಇದಲ್ಲ, ಮತ್ತೆ ಬದಲಾಗುತ್ತದೆ.

ಶನಿಯ ಉಪಗ್ರಹ ಎನ್ಸೆಲಾಡಸ್‌ನಲ್ಲಿ ನೀರು ಚಿಮ್ಮುತ್ತದೆ ಎಂದರೆ, ಕ್ಯಾಸಿನಿ ಅದರೊಳಗೇ ಹಾದುಹೋಗಿ ಜೀವಿ ಇದೆಯೋ ಇಲ್ಲವೋ ಹೇಳಲಿಲ್ಲವೇಕೆ? (ಜಯನಗರ)

ಹೇಳಬಲ್ಲ ಉಪಕರಣ ಅದರಲ್ಲಿ ಇರಲಿಲ್ಲ, ಅಂಥ ಚಿಲುಮೆ ಇದೆಯೆಂದು ಹೊರಡುವಾಗ ಗೊತ್ತೂ ಇರಲಿಲ್ಲ. ಸುಳಿವು ಕೊಟ್ಟದ್ದು ಕ್ಯಾಮೆರಾ ಅಲ್ಲ, ಕಾಂತಮಾಪಕ. 2005ರ ಆರಂಭದ ಎರಡು ಭೇಟಿಗಳಲ್ಲಿ ಶನಿಯ ಕಾಂತಕ್ಷೇತ್ರ ಎನ್ಸೆಲಾಡಸ್ ಸುತ್ತ ಬಾಗುತ್ತಿರುವುದು ಕಂಡಿತು, ಏನೋ ಅನಿಲ ಅಡ್ಡ ಬಂದಂತೆ. ಆ ತಂಡದ ಒತ್ತಾಯಕ್ಕೆ ಜುಲೈ ಭೇಟಿಯನ್ನು 1,000 ಕಿ.ಮೀ. ಬದಲು 175 ಕಿ.ಮೀ. ಆಸುಪಾಸಿಗೆ ಇಳಿಸಿದರು. ದಕ್ಷಿಣ ಧ್ರುವದಲ್ಲಿ ನಾಲ್ಕು ಬೆಚ್ಚಗಿನ ಬಿರುಕು, ಅವುಗಳಿಂದ ನೀರಾವಿ, ಹಿಮಕಣ. 504 ಕಿ.ಮೀ. ಅಡ್ಡಳತೆಯ ಗೋಳಕ್ಕೆ ಇದು ಯಾರೂ ನಿರೀಕ್ಷಿಸದ್ದು.

ಅಲ್ಲಿಂದ ಮುಂದೆ ಬೇರೆ ಕೆಲಸಕ್ಕೆ ತಂದ ಉಪಕರಣದಲ್ಲೇ ಸಂಭಾಳಿಸಬೇಕಾಯಿತು. ಅನಿಲ ಜರಡಿ ಹಿಡಿಯುವ ಮಾಸ್ ಸ್ಪೆಕ್ಟ್ರೋಮೀಟರ್ ಟೈಟನ್‌ನ ವಾತಾವರಣಕ್ಕೆಂದು ಮಾಡಿದ್ದು, 99 ಪರಮಾಣು ತೂಕದ ಘಟಕಕ್ಕಿಂತ ಭಾರದ ಅಣು ಅದಕ್ಕೆ ಕಾಣುವುದೇ ಇಲ್ಲ. ಜೀವಿಗಳ ಗುರುತಾಗಬಲ್ಲ ಅಣುಗಳು ಬಹಳಷ್ಟು ಅದಕ್ಕಿಂತ ದೊಡ್ಡವು. ಇನ್ನೊಂದು ಸೂಕ್ಷ್ಮ: ಸೆಕೆಂಡಿಗೆ ಹಲವು ಕಿ.ಮೀ. ವೇಗದಲ್ಲಿ ಹಿಮಕಣ ಉಪಕರಣದ ಟೈಟೇನಿಯಂ ಗೋಡೆಗೆ ಬಡಿದರೆ, ಲೋಹದೊಡನೆ ನೀರು ವರ್ತಿಸಿ ಅಲ್ಲೇ ಹೈಡ್ರೋಜನ್ ಹುಟ್ಟುತ್ತದೆ. ಹಾಗಾದರೆ ಅಳೆದ ಹೈಡ್ರೋಜನ್ ಎನ್ಸೆಲಾಡಸ್ ಹಿಮದಡಿಯ ಸಾಗರದ್ದೋ ಉಪಕರಣದ್ದೋ? ಇದಕ್ಕಾಗಿ 2015ರ ಅಕ್ಟೋಬರ್ 28ರಂದು, 49 ಕಿ.ಮೀ. ಎತ್ತರದ ಹಾರಾಟದಲ್ಲಿ, ಅಣುಗಳು ಗೋಡೆ ಮುಟ್ಟದೆ ನೇರ ಒಳಹೋಗುವ ತೆರೆದ ಕ್ರಮದಲ್ಲಿ ಅಳೆದರು. ಆಗಲೂ ಹೈಡ್ರೋಜನ್ ಸಿಕ್ಕಿತು, ಶೇಕಡ ಒಂದರ ಹತ್ತಿರ. ಸಾಗರತಳದಲ್ಲಿ ಬಿಸಿನೀರು ಬಂಡೆಯೊಡನೆ ವರ್ತಿಸುತ್ತಿದೆ ಎಂಬುದಕ್ಕೆ ಇದು ಬಲವಾದ ಸಾಕ್ಷಿ. ಭೂಮಿಯ ಸಾಗರತಳದಲ್ಲಿ ಕೆಲವು ಸೂಕ್ಷ್ಮಜೀವಿಗಳು ಇಂಥ ಹೈಡ್ರೋಜನನ್ನೇ ಉಂಡು ಬದುಕುತ್ತವೆ. ಧೂಳುಕಣ ಮಾಪಕ ಸೋಡಿಯಂ ಲವಣ ಹಿಡಿದಿತ್ತು. ಅದೇ ಹಳೆಯ ದತ್ತಾಂಶ ಕೆದಕಿ 2023ರಲ್ಲಿ ಫಾಸ್ಫೇಟನ್ನೂ ಕಂಡರು. ಊಟ ಇದೆ ಎಂದಷ್ಟೇ ಗೊತ್ತಾಗಿದೆ, ಉಣ್ಣುವವರು ಇದ್ದಾರೋ ಎಂಬುದಲ್ಲ.

ಎಲ್ಲ ಸಲವೂ ಕೈಗೂಡಿತೆಂದಲ್ಲ. 2008ರ ಮಾರ್ಚ್ 12ರಂದು ಚಿಲುಮೆಯೊಳಗೆ ಹೋದಾಗ ಇದೇ ಧೂಳುಮಾಪಕದ ತಂತ್ರಾಂಶ ಸಿಕ್ಕಿಬಿದ್ದು, ಬೇಕಾದ ಕ್ಷಣಗಳಲ್ಲೇ ಏನೂ ದಾಖಲಾಗಲಿಲ್ಲ.

ಚೆನ್ನಾಗಿದ್ದ ನೌಕೆಯನ್ನು ಬೇಕೆಂದೇ ಶನಿಗೆ ಬೀಳಿಸಿದ್ದು ಸರಿಯೇ? ಉಂಗುರದ ಕಲ್ಲು ಬಡಿಯುವ ಭಯ ಇರಲಿಲ್ಲವೇ? (ವೈಟ್‌ಫೀಲ್ಡ್)

ಇಂಧನ ತೀರುತ್ತ ಬಂದಿತ್ತು. ತೀರಿದ ಮೇಲೆ ನೌಕೆ ಯಾರ ಮಾತೂ ಕೇಳದೆ ಎಂದೋ ಒಂದು ದಿನ ಎನ್ಸೆಲಾಡಸ್‌ಗೋ ಟೈಟನ್‌ಗೋ ಅಪ್ಪಳಿಸಬಹುದು. ಭೂಮಿಯ ಸೂಕ್ಷ್ಮಜೀವಿ ಅದರಲ್ಲಿ ಉಳಿದಿರಬಹುದು, ಪ್ಲುಟೋನಿಯಂನ ಶಾಖವಂತೂ ಇದ್ದೇ ಇದೆ. ಜೀವ ಹುಡುಕಬೇಕಾದ ನೀರಿಗೆ ನಾವೇ ಕಸ ಹಾಕಬಾರದು. ಸರಿಯಾದದ್ದನ್ನೇ ಮಾಡಿದರು ಎಂಬುದು ನಮ್ಮ ಅಭಿಪ್ರಾಯ.

ಬೀಳುವ ಮೊದಲು, 2017ರ ಏಪ್ರಿಲ್‌ನಿಂದ, ಶನಿಗೂ ಒಳ ಉಂಗುರಕ್ಕೂ ನಡುವಿನ ಸುಮಾರು 2,000 ಕಿ.ಮೀ. ಸಂದಿಯಲ್ಲಿ 22 ಸಲ ತೂರಿಸಿದರು. ಭಯ ಇತ್ತು, ಅದಕ್ಕೇ ಮೊದಲ ಸಲ ಆಂಟೆನಾವನ್ನು ಗುರಾಣಿಯಾಗಿ ಮುಂದೆ ಹಿಡಿದರು. ಆದರೆ ಸಂದಿ ಎಣಿಸಿದ್ದಕ್ಕಿಂತ ಬಹಳ ಖಾಲಿಯಾಗಿತ್ತು. ಈ ಸುತ್ತುಗಳಲ್ಲೇ ಉಂಗುರಗಳ ಒಟ್ಟು ತೂಕ ಸಿಕ್ಕಿತು, ಮೈಮಾಸ್ ಉಪಗ್ರಹದ ಐದನೇ ಎರಡು ಭಾಗದಷ್ಟು. 2017ರ ಸೆಪ್ಟೆಂಬರ್ 15ರಂದು ಕೊನೆಯ ಸಂಕೇತ ಆಸ್ಟ್ರೇಲಿಯಾದ ಕ್ಯಾನ್‌ಬೆರಾಕ್ಕೆ ಮುಟ್ಟಿದಾಗ ನಮ್ಮಲ್ಲಿ ಸಂಜೆ 5 ಗಂಟೆ 25 ನಿಮಿಷ. ನೌಕೆ ಇಲ್ಲವಾಗಿ ಆಗಲೇ 83 ನಿಮಿಷ ಆಗಿತ್ತು.

ಮುಂದೆ ಟೈಟನ್ ಮೇಲೆ ಹೆಲಿಕಾಪ್ಟರ್ ಹಾರಿಸುತ್ತಾರಂತೆ. ಆ ಚಳಿಯಲ್ಲಿ ಸಾಧ್ಯವೇ? (ಬನಶಂಕರಿ)

ಹಾರುವುದು ಇಲ್ಲಿಗಿಂತ ಅಲ್ಲಿ ಸುಲಭ. ಗುರುತ್ವ ಭೂಮಿಯ ಏಳನೇ ಒಂದು, ಗಾಳಿಯ ಸಾಂದ್ರತೆ ನಾಲ್ಕು ಪಟ್ಟು. ಆದ್ದರಿಂದಲೇ ಕಾರಿನಷ್ಟು ದೊಡ್ಡ, ಎಂಟು ರೋಟರಿನ ಡ್ರ್ಯಾಗನ್‌ಫ್ಲೈ ಅಲ್ಲಿ ಏಳಬಲ್ಲದು. ಹೊರಡುವುದು 2028ರ ಜುಲೈನಲ್ಲಿ, ಮುಟ್ಟುವುದು 2034ರಲ್ಲಿ ಎಂಬುದು ನಾಸಾದ ಯೋಜನೆ. ಚಳಿಗೆ ಮದ್ದು ಮತ್ತೆ ಪ್ಲುಟೋನಿಯಂ. ಒಂದು ಆರ್‌ಟಿಜಿಯ ನೂರು ಚಿಲ್ಲರೆ ವ್ಯಾಟ್ ಹಾರಲು ಸಾಲದು, ಬ್ಯಾಟರಿ ತುಂಬಿಸಲು ಸಾಕು. ಅದರ ಮಿಕ್ಕ ಶಾಖ ಒಳಗಿನ ಎಲೆಕ್ಟ್ರಾನಿಕ್ಸನ್ನು ಬೆಚ್ಚಗಿಡುತ್ತದೆ.

ತೊಡಕಿರುವುದು ಮಾತುಕತೆಯಲ್ಲಿ. ಹ್ಯೂಗೆನ್ಸ್‌ಗೆ ತಲೆಯ ಮೇಲೆ ಕ್ಯಾಸಿನಿ ಇತ್ತು, ಡ್ರ್ಯಾಗನ್‌ಫ್ಲೈಗೆ ಯಾರೂ ಇಲ್ಲ. ತನ್ನದೇ ಆಂಟೆನಾವನ್ನು ಎತ್ತಿ ನೇರ ಭೂಮಿಯತ್ತ ಹಿಡಿಯಬೇಕು. ಟೈಟನ್‌ನ ಒಂದು ದಿನ ನಮ್ಮ ಹದಿನಾರು ದಿನ. ಸೂರ್ಯ ಮುಳುಗಿದರೆ ಹೆಚ್ಚುಕಡಿಮೆ ಅದೇ ಹೊತ್ತಿಗೆ ಭೂಮಿಯೂ ಮುಳುಗುತ್ತದೆ, ಏಕೆಂದರೆ ಶನಿಯಿಂದ ನೋಡಿದರೆ ಭೂಮಿ ಸೂರ್ಯನಿಂದ ಆರೇಳು ಡಿಗ್ರಿಗಿಂತ ದೂರ ಹೋಗುವುದಿಲ್ಲ. ಎಂಟು ದಿನದ ಆ ರಾತ್ರಿಯಲ್ಲಿ ಹಾರಾಟ ಇಲ್ಲ, ಮಾತೂ ಇಲ್ಲ. ಬ್ಯಾಟರಿ ತುಂಬಿಕೊಳ್ಳುತ್ತ ಕೂತಿರಬೇಕು. ಹಗಲಿನಲ್ಲಿ ಹಾರುವಾಗಲೂ ಭೂಮಿಯ ಸಲಹೆ ಗಂಟೆಗಟ್ಟಲೆ ತಡ, ಹಾಗಾಗಿ ಎಲ್ಲಿ ಇಳಿಯಬೇಕೆಂದು ಅದೇ ನೋಡಿಕೊಳ್ಳಬೇಕು. ಹಾದುಹೋಗುವಾಗ ಮುಂದಿನ ತಾಣವನ್ನು ಅಳೆದು ಬಂದು, ಮೊದಲೇ ನೋಡಿದ ಜಾಗದಲ್ಲೇ ಇಳಿಯುವ ಕ್ರಮವನ್ನು ಅದಕ್ಕಾಗಿ ರೂಪಿಸಿದ್ದಾರೆ.